ಕದಿರಮ್ಮನ ಮನೆಯ ಬಾಗಿಲು

ಕೋಟೆ, ಕೋಲಾರ
೨೦-೧೧-೧೯೩೬

ಚಿ. ಸೌ. ಶಾಮಲಳಿಗೆ ಅಪ್ಪನ ಆಶೀರ್ವಾದ.

ನಿನ್ನ ಕಾಗದ ತಲುಪಿತು. ಡಿಸೆಂಬರ್ ನಾಲ್ಕನೇ ತಾರೀಕು ಶುಕ್ರವಾರ ಒಳ್ಳೆಯ ದಿನ ಎಂದು ನಿಮ್ಮ ಅತ್ತೆಯವರು ಹೇಳಿರುವುದು ನನಗೂ ಒಪ್ಪಿಗೆ. ಅಳಿಯಂದಿರು ಸಣ್ಣ ರೈಲಿನಲ್ಲಿ ನಿನ್ನನ್ನು ಕರೆತರಲಿ. ನಾನು ಜಟಕಾ ಗಾಡಿ ಮಾಡಿಕೊಂಡು ಸ್ಟೇಷನ್ನಿಗೆ ಬರುತ್ತೇನೆ. ಚೊಚ್ಚಲ ಹೆರಿಗೆ ತವರಿನಲ್ಲೇ ಆಗಬೇಕು. ತಾಯಿಯಿಲ್ಲದ ತವರು ಎಂದು ಯಾರೂ ಆಡಿಕೊಳ್ಳದ ಹಾಗೆ ನಡೆಸುತ್ತೇನೆ.

ಕದಿರಮ್ಮ ಆಗಲೇ ತಯಾರಾಗಿದ್ದಾಳೆ. ನಾಲ್ಕು ವರ್ಷದ ನಿನ್ನನ್ನು ಬಿಟ್ಟು ನಿನ್ನ ತಾಯಿ ಹೋದಾಗಿನಿಂದ ನಿನಗೆ ಎಣ್ಣೆ ಹಚ್ಚಿ ನೀರು ಹಾಕಿ ಬೆಳೆಸಿದವಳು ಎದುರು ಮನೆಯ ಆ ಹೆಂಗಸೇ ಅಲ್ಲವೇ? ಬಾಣಂತಿ ಖಾರಕ್ಕೆ ಮೆಣಸು, ಶುಂಠಿ ಒಣಗಿಸಿ ನಿನ್ನೆಯೇ ಕುಟ್ಟಿಟ್ಟಳು. ‘ಪಾಪ ಬರೋ ಹೊತ್ಗೆ ಘಾಟು ಇಳೀಬೇಕು ಮೇಷ್ಟ್ರೇ’ ಎನ್ನುತ್ತಾಳೆ.

ಪಿಂಚಣಿಯಾದ ಮೇಲೆ ನಾನು ಹಿಡಿದಿರುವ ಕೆಲಸ ಹಾಗೇ ನಡೆದಿದೆ. ಊರು ನೋಡಲು ಬಂದವರನ್ನು ಕೋಟೆಯೊಳಗೆ ನಡೆಸಿಕೊಂಡು ಹೋಗಿ ಗುಡಿ, ಶಾಸನ, ಹಳೆಯ ಮನೆಗಳನ್ನು ತೋರಿಸುತ್ತೇನೆ. ಚಿನ್ನದ ಗಣಿಯ ದೊರೆಗಳು ಬಂದರೂ ಕಾರು ಕೋಲಾರಮ್ಮನ ಗುಡಿಯ ಹತ್ತಿರವೇ ನಿಲ್ಲಬೇಕು. ಮುಂದಕ್ಕೆ ನನ್ನ ಜೊತೆ ಕಾಲ್ನಡಿಗೆ. ಬೆಂಗಳೂರಿನಿಂದ ನರಸಿಂಹಪ್ಪ ಎಂಬ ಒಬ್ಬರು ಬರುತ್ತಾರಂತೆ. ಹಳೆಯ ಶಾಸನಗಳ ಹುಚ್ಚಿನವರು, ಬೇರೆ ಯಾರೂ ಜೊತೆಗಿರುವುದು ಬೇಡ, ನೀವೊಬ್ಬರೇ ಗಲ್ಲಿ ಗಲ್ಲಿ ತೋರಿಸಬೇಕು ಎಂದು ಬರೆದಿದ್ದಾರೆ. ಹೀಗೆ ಕೇಳುವವರು ಅಪರೂಪ.

ಪೇಟೆಯ ಕಡೆ ಜನ ಏನೇನೋ ಮಾತಾಡುತ್ತಾರೆ. ಅದಕ್ಕೆಲ್ಲ ಕಿವಿ ಕೊಡಬೇಡ.

ನಿನ್ನ ಅಪ್ಪ,
ವೆಂಕಟರಾಯಪ್ಪ


ಶ್ರೀನಿವಾಸಪುರ
೨೪-೧೧-೧೯೩೬

ಅಪ್ಪನಿಗೆ ಶಾಮಲ ಮಾಡುವ ನಮಸ್ಕಾರ.

ಪೇಟೆಯ ಮಾತಿಗೆ ಕಿವಿ ಕೊಡಬೇಡ ಎಂದಿರಿ. ಯಾವ ಮಾತು ಎಂದು ಬರೆಯಲಿಲ್ಲ. ನಿನ್ನೆ ಮಾವಿನ ತೋಪಿನ ಗುತ್ತಿಗೆಯವನೊಬ್ಬ ಕೋಲಾರದಿಂದ ಬಂದವನು ಜಗುಲಿಯ ಮೇಲೆ ಕೂತು, ‘ಅಲ್ಲಿ ಇಲಿ ಬೀಳ್ತಾ ಇದಾವೆ ಕಣಮ್ಮ’ ಎಂದ. ನಮ್ಮ ಅತ್ತೆ ದೊಡ್ಡವೆಂಕಟಮ್ಮನವರು ಕೇಳಿಸಿಕೊಂಡರು. ಅವನು ಎದ್ದು ಹೋದ ಮೇಲೆ ಕೂತ ಜಾಗಕ್ಕೆ ಸಗಣಿ ನೀರು ಹಾಕಿಸಿದರು. ಆಮೇಲೆ ನನ್ನನ್ನು ಕರೆದು, ‘ನಿಮ್ಮಪ್ಪನ್ನ ಕೇಳು. ಮೇಷ್ಟ್ರು ಸುಳ್ಳು ಹೇಳಲ್ಲ’ ಎಂದರು.

ಅದಕ್ಕೇ ಕೇಳುತ್ತಿದ್ದೇನೆ. ಕೋಟೆಯಲ್ಲಿ ಇಲಿ ಬಿದ್ದಿವೆಯೇ? ನಿಮ್ಮ ಒಂದು ಮಾತಿನ ಮೇಲೆ ಇವರು ನನ್ನನ್ನು ಕಳಿಸುತ್ತಾರೆ ಅಥವಾ ನಿಲ್ಲಿಸುತ್ತಾರೆ.

ನನಗೆ ಬರುವ ಆಸೆ ಬಹಳ. ಇಲ್ಲಿ ಯಾರೂ ಕೆಟ್ಟವರಲ್ಲ. ಆದರೂ ಆ ಹೊತ್ತಿನಲ್ಲಿ ನನ್ನ ಸೊಂಟ ಹಿಡಿಯುವ ಕೈ ಕದಿರತ್ತೆಯದ್ದಾದರೆ ನನಗೆ ಹೆದರಿಕೆ ಇರುವುದಿಲ್ಲ. ಅವಳು ಹೇಗಿದ್ದಾಳೆ ಎಂದು ಬರೆಯಿರಿ.

ನಿಮ್ಮ ಮಗಳು,
ಶಾಮಲ


ಕೋಟೆ, ಕೋಲಾರ
೨೭-೧೧-೧೯೩೬

ಚಿ. ಸೌ. ಶಾಮಲಳಿಗೆ,

ಪೇಟೆಯಲ್ಲಿ ಕಾಳಿನ ಅಂಗಡಿಯೊಂದರಲ್ಲಿ ಎರಡು ಮೂರು ಇಲಿ ಸತ್ತಿದ್ದು ನಿಜ. ಪಾಷಾಣ ಇಟ್ಟಿದ್ದರು ಎನ್ನುತ್ತಾರೆ. ಕೋಟೆಗೂ ಪೇಟೆಗೂ ನಡುವೆ ಎಷ್ಟು ದೂರ ಎಂಬುದು ನಿನಗೆ ಗೊತ್ತು. ನಮ್ಮ ಬೀದಿಯಲ್ಲಿ ಎಲ್ಲರೂ ಚೆನ್ನಾಗಿದ್ದಾರೆ. ಕದಿರಮ್ಮನಿಗೆ ಸ್ವಲ್ಪ ಮೈ ಬಿಸಿ. ಅಂತರಗಂಗೆಗೆ ಹೋಗಿ ತಲೆ ಮೇಲೆ ನೀರು ಹಾಕಿಕೊಂಡು ಬಂದಿದ್ದಳು, ಅದರದ್ದು. ನೀನು ಬರುವ ಹೊತ್ತಿಗೆ ಎದ್ದು ಓಡಾಡುತ್ತಾಳೆ.

ಇಲಿಯ ಸುದ್ದಿ ಎತ್ತಿದರೆ ಏನಾಗುತ್ತದೆ ಎಂಬುದನ್ನು ನಾನು ಕಂಡಿದ್ದೇನೆ. ಹದಿನಾರು ವರ್ಷದ ಹಿಂದೆ ಅಧಿಕಾರಿಗಳು ಬಂದು ಹೆಂಚು ಕೀಳಿಸಿ, ಮಡಕೆ ಕುಡಿಕೆ ಬೀದಿಗೆ ಹಾಕಿಸಿ, ಎಲ್ಲರನ್ನೂ ಬಯಲಿನ ಷೆಡ್ಡುಗಳಿಗೆ ಅಟ್ಟಿದರು. ನಿನ್ನ ತಾಯಿಗೆ ರೋಗ ತಗುಲಿರಲಿಲ್ಲ. ಷೆಡ್ಡಿನ ಚಳಿಗೆ ಹೋದಳು. ಅಂಥ ಕಡೆ ನಿನ್ನ ಹೆರಿಗೆ ಆಗಬಾರದು. ಹಾಗೆ ಆಗಲು ನಾನು ಬಿಡುವುದಿಲ್ಲ.

ಶುಕ್ರವಾರ ನಿಮ್ಮ ದಾರಿ ನೋಡುತ್ತಿರುತ್ತೇನೆ.

ಅಪ್ಪ


ಕೋಟೆ, ಕೋಲಾರ
೩೦-೧೧-೧೯೩೬

ಶಾಮಲ,

ನೀನು ಬರಬೇಡ. ಅಳಿಯಂದಿರೂ ಬರುವುದು ಬೇಡ. ಈ ಮಾತನ್ನು ಓದಿದ ಕೂಡಲೇ ನಿಮ್ಮ ಅತ್ತೆಯವರಿಗೆ ಹೇಳಿ, ಆಮೇಲೆ ಮುಂದಕ್ಕೆ ಓದು.

ಕೋಟೆಯಲ್ಲಿ ಪ್ಲೇಗು ಇದೆ. ಹದಿನೈದು ದಿನದಿಂದ ಇದೆ. ನಾನು ನಿನಗೆ ಸುಳ್ಳು ಬರೆದೆ.

ಮೊದಲ ಇಲಿ ಬಿದ್ದದ್ದು ಗಂಗುಲಪ್ಪನ ರಾಗಿ ಮಂಡಿಯಲ್ಲಿ. ನಮ್ಮ ಬೀದಿಯ ಯಜಮಾನರೆಲ್ಲ ಅವನ ಮನೆಯಲ್ಲಿ ಸೇರಿದೆವು. ಇಲಿ ಬಿದ್ದರೆ ಸುಟ್ಟುಬಿಡುವುದು, ಜ್ವರ ಬಂದರೆ ಮನೆಯೊಳಗೇ ನೋಡಿಕೊಳ್ಳುವುದು, ಹೊರಗೆ ಬಾಯಿ ಬಿಡುವುದಿಲ್ಲ ಎಂದು ಕೋಲಾರಮ್ಮನ ಹೊಸಲು ಮುಟ್ಟಿ ಮಾತು ಕೊಟ್ಟೆವು. ಎಲ್ಲರಿಗಿಂತ ಮೊದಲು ಮುಟ್ಟಿದವನು ನಾನು. ಕದಿರಮ್ಮನಿಗೆ ಜ್ವರ ಬಂದ ಮರುದಿನ ತೊಡೆಯ ಸಂದಿಯಲ್ಲಿ ಗೆಡ್ಡೆ ಎದ್ದಿತು. ಹೊರಗಿನಿಂದ ಬೀಗ ಹಾಕಿದರೆ ಖಾಲಿ ಮನೆ ಎಂದುಕೊಳ್ಳುತ್ತಾರೆ ಎಂದು ಗಂಗುಲಪ್ಪ ಹೇಳಿದ. ಬೀಗ ಹಾಕಿದವನು ನಾನು. ಬೆಳಿಗ್ಗೆ ಸಂಜೆ ಹೋಗಿ ಗಂಜಿ ಕೊಟ್ಟು ಬರುತ್ತಿದ್ದೆ.

ನಿನ್ನೆ ಭಾನುವಾರ ಎಂಟು ಗಂಟೆಗೆ ಆ ನರಸಿಂಹಪ್ಪನವರು ಬಂದರು. ಬಿಳಿ ಪೇಟ, ಕೈಯಲ್ಲಿ ಒಂದು ಕೋಲು, ಮೆತ್ತಗೆ ಮಾತಾಡುವ ಮನುಷ್ಯ. ಕೋಲಾರಮ್ಮನ ಗುಡಿಯಲ್ಲಿ ಗೋಡೆಯ ತಮಿಳು ಅಕ್ಷರಗಳನ್ನು ಬೆರಳಿಟ್ಟು ಓದಿದರು. ಚೇಳಮ್ಮನ ಹುಂಡಿಯ ಕಥೆಯನ್ನು ಎರಡು ಸಲ ಕೇಳಿದರು. ನನಗೆ ಬಹಳ ಖುಷಿಯಾಗಿತ್ತು. ಸೋಮೇಶ್ವರನ ಗುಡಿಯ ಕಲ್ಯಾಣಮಂಟಪದಲ್ಲಿ ನಾನು ಒಂದೊಂದೇ ಕಂಬ ತೋರಿಸುತ್ತಿದ್ದರೆ ಮಧ್ಯದಲ್ಲೇ ತಡೆದು, ‘ಗುಡಿ ಆಯ್ತು ಮೇಷ್ಟ್ರೇ. ಜನ ಇರೋ ಮನೆಗಳನ್ನ ತೋರ್ಸಿ. ನಿಮ್ಮ ಬೀದೀಲಿ ಒಂದು ಕೆತ್ತನೆ ಬಾಗಿಲಿದೆಯಂತಲ್ಲ’ ಎಂದರು.

ಆ ಬಾಗಿಲು ಯಾರ ಮನೆಯದೆಂದು ನಿನಗೆ ಗೊತ್ತು. ಇಷ್ಟು ವರ್ಷ ಬಂದವರಿಗೆಲ್ಲ ಹೆಮ್ಮೆಯಿಂದ ತೋರಿಸಿದ ಬಾಗಿಲು. ಇಲ್ಲ ಎಂದರೆ ಅನುಮಾನ ಬರುತ್ತದೆ. ಕರೆದುಕೊಂಡು ಹೊರಟೆ.

ನಡೆಯುತ್ತಾ ನಡೆಯುತ್ತಾ ಒಂದು ವಿಷಯ ಗಮನಕ್ಕೆ ಬಂತು. ನಾನು ಮೇಲೆ ತೊಲೆ, ಬೋದಿಗೆ ತೋರಿಸಿದರೆ ಅವರ ಕಣ್ಣು ಕೆಳಗೆ ಗೋಡೆಯ ಬುಡದಲ್ಲಿತ್ತು. ಬಿಲಗಳ ಮುಂದೆ ಕೋಲು ನಿಲ್ಲುತ್ತಿತ್ತು. ಗಂಗುಲಪ್ಪನ ಮಂಡಿಯ ಹತ್ತಿರ ನಿಂತು ಮೂಗೆಳೆದರು.

‘ಏನ್ರೀ, ನಿಮ್ಮ ಬೆಕ್ಕಿಗೆ ಕೈತುಂಬ ಕೆಲಸವೇನೋ?’

ಗಂಗುಲಪ್ಪ ನಕ್ಕ. ‘ಇಲಿ ಇದ್ರಲ್ಲವಾ ಸ್ವಾಮಿ ಕೆಲಸ. ಬಿಸಿಲಲ್ಲಿ ಬಿದ್ಕೊಂಡಿರ್ತದೆ.’

ಹೆಂಗಸರು ಬಾಗಿಲಲ್ಲಿ ನಿಂತವರು ಒಬ್ಬೊಬ್ಬರಾಗಿ ಒಳಗೆ ಹೋದರು. ಕದಿರಮ್ಮನ ಬಾಗಿಲಿನ ಮುಂದೆ ಬಂದೆವು.

‘ಬೀಗ ಹಾಕಿದೆಯಲ್ಲ?’

‘ಮನೆಯವರು ಮಾಲೂರಿಗೆ ಹೋಗಿದ್ದಾರೆ’ ಎಂದೆ. ಎಂದು, ಬಾಗಿಲಿನ ಚೌಕಟ್ಟಿನ ಹಂಸಗಳ ಸಾಲನ್ನು ತೋರಿಸಲು ಶುರುಮಾಡಿದೆ.

ಆಗ ಒಳಗಿನಿಂದ ದನಿ ಬಂತು. ‘ಮೇಷ್ಟ್ರೇ... ನೀರು.’

ನಾನು ನಿಲ್ಲಿಸಲಿಲ್ಲ ಶಾಮಲ. ದನಿ ಏರಿಸಿದೆ. ಪಾಠ ಹೇಳುವಾಗ ಹಿಂದಿನ ಬೆಂಚಿಗೆ ಕೇಳಲಿ ಎಂದು ಕೂಗುತ್ತಿದ್ದೆನಲ್ಲ, ಹಾಗೆ ಕೂಗಿದೆ. ಇದು ಹಲಸಿನ ಮರ, ಇದು ಇಷ್ಟು ತಲೆಮಾರು ಹಳೆಯದು, ಇದನ್ನು ಕೆತ್ತಿದವನು ಮುಳಬಾಗಿಲ ಕಡೆಯ ಆಚಾರಿ. ಒಳಗಿನಿಂದ ಇನ್ನೊಂದು ಸಲ ಕೂಗು ಬಂತು. ಹಂಸಗಳು ಎಷ್ಟಿವೆ ಎಂದು ನಾನು ಎಣಿಸಿ ಹೇಳುತ್ತಿದ್ದೆ. ಅವರು ಪೂರ್ತಿ ಕೇಳಿಕೊಂಡರು. ಮುಂದಕ್ಕೆ ನಡೆದರು.

ಮಕಬರದ ಗೋರಿಗಳ ಹತ್ತಿರ ಹುಣಸೆ ಮರದ ಕೆಳಗೆ ಕೂತು ಪೇಟ ತೆಗೆದು ಮಂಡಿಯ ಮೇಲಿಟ್ಟುಕೊಂಡರು.

‘ಮೇಷ್ಟ್ರೇ, ಶಾಸನ ಓದೋದು ನನಗೆ ಇಷ್ಟ. ಅದು ಸುಳ್ಳಲ್ಲ. ಆದ್ರೆ ನಾನು ಪ್ಲೇಗ್ ಡಾಕ್ಟರು. ಹೋದ ವಾರ ನಮ್ಮ ಇನ್ಸ್‌ಪೆಕ್ಟರು ಬಂದಾಗ ಈ ಬೀದೀಲಿ ಇಲಿ ಅನ್ನೋ ಪ್ರಾಣೀನೇ ಇರ್ಲಿಲ್ಲ. ಅದಕ್ಕೆ ಹೀಗೆ ಬಂದೆ. ಬಾಗಿಲ ಹಿಂದೆ ಯಾರೋ ನೀರು ಕೇಳಿದ್ರು. ನನಗೂ ಕೇಳಿಸ್ತು, ನಿಮಗೂ ಕೇಳಿಸ್ತು.’

ನಾನು ಬೀದಿಯ ಕಡೆ ತಿರುಗಿ ನೋಡಿದೆ.

‘ನಾಳೆ ಪೊಲೀಸ್ನೋರ ಕೈಲಿ ಬೀಗ ಒಡೆಸಬಹುದು. ಅಷ್ಟರೊಳಗೆ ಸುದ್ದಿ ಹಬ್ಬಿ ಮಿಕ್ಕೋರು ರೋಗಿಗಳನ್ನ ಗಾಡೀಲಿ ಹಾಕ್ಕೊಂಡು ಹಳ್ಳಿಗೆ ಹೊರಡ್ತಾರೆ. ರೋಗಾನೂ ಅದೇ ಗಾಡೀಲಿ ಹೋಗುತ್ತೆ. ಇವತ್ತೇ, ಈಗಲೇ ತೆಗೀಬೇಕು. ಬೀಗದ ಕೈ ಯಾರ ಹತ್ರ ಇದೆ?’

ಅದು ನನ್ನ ಕೋಟಿನ ಜೇಬಿನಲ್ಲಿತ್ತು.

‘ನಿಮ್ಮ ಮನೇಲಿ ಯಾರಿದಾರೆ?’ ಎಂದು ಕೇಳಿದರು.

‘ಯಾರೂ ಇಲ್ಲ. ಶುಕ್ರವಾರ ಮಗಳು ಬರ್ತಾಳೆ. ಹೆರಿಗೆಗೆ’ ಎಂದೆ.

ಅವರು ನನ್ನ ಮುಖ ನೋಡಿದರು. ಬೈದಿದ್ದರೆ ಚೆನ್ನಾಗಿತ್ತು.

ಇಬ್ಬರೂ ಎದ್ದು ವಾಪಸು ಬಂದೆವು. ನಾನು ಬೀಗಕ್ಕೆ ಕೈ ಹಾಕಿದಾಗ ಗಂಗುಲಪ್ಪ ಓಡಿ ಬಂದ. ‘ಏನ್ ಮಾಡ್ತಾ ಇದೀರಿ ಮೇಷ್ಟ್ರೇ? ಅಮ್ಮನ ಹೊಸಲು ಮುಟ್ಟಿದ್ದು ಮರೆತೋಯ್ತಾ?’ ಎಂದು ಕೂಗಿದ. ಬೀಗ ತೆಗೆದೆ. ಕದಿರಮ್ಮ ಪಡಸಾಲೆಯವರೆಗೂ ತೆವಳಿ ಬಂದು ಬಿದ್ದಿದ್ದಳು. ನನ್ನನ್ನು ನೋಡಿದಳು. ಸಂಜೆಯೊಳಗೆ ಬೀದಿಯಲ್ಲಿ ಇನ್ನೂ ಮೂರು ಮನೆಗಳಲ್ಲಿ ರೋಗಿಗಳು ಸಿಕ್ಕಿದರು. ನಾಳೆ ಎಲ್ಲರೂ ಬಯಲಿಗೆ ಹೊರಡಬೇಕು.

ವೆಂಕಟರಾಯಪ್ಪ


ಶ್ರೀನಿವಾಸಪುರ
೫-೧೨-೧೯೩೬

ಅಪ್ಪನಿಗೆ,

ನಿಮ್ಮ ಕಾಗದವನ್ನು ಅತ್ತೆ ಕೈಯಿಂದ ಮುಟ್ಟಲಿಲ್ಲ. ಇಕ್ಕಳದಲ್ಲಿ ಹಿಡಿದು ಬೇವಿನ ಹೊಗೆ ತೋರಿಸಿ, ನಿಮ್ಮ ಅಳಿಯನ ಕೈಯಲ್ಲಿ ಓದಿಸಿದರು. ಇವರು ಅರ್ಧಕ್ಕೆ ನಿಲ್ಲಿಸಿದರು. ಉಳಿದದ್ದನ್ನು ನಾನೇ ಓದಿಕೊಂಡೆ. ಮೇಷ್ಟ್ರು ಸುಳ್ಳು ಹೇಳುವುದಿಲ್ಲ ಎಂಬ ಮಾತನ್ನು ಅತ್ತೆ ಮತ್ತೆ ಎತ್ತಲಿಲ್ಲ. ಅದೇ ಅವರ ದೊಡ್ಡತನ.

ನಿನ್ನೆ ಶುಕ್ರವಾರ. ನಾನು ಬಂದಿದ್ದರೆ ಜಟಕಾ ಇಳಿದವಳೇ ಎಲ್ಲಿಗೆ ಓಡುತ್ತಿದ್ದೆ? ನಿಮ್ಮ ಮನೆಗಲ್ಲ, ಎದುರು ಮನೆಗೆ. ಆಗ ಏನು ಹೇಳುತ್ತಿದ್ದಿರಿ? ನನಗೂ ಮಾಲೂರಿಗೆ ಹೋಗಿದ್ದಾಳೆ ಎನ್ನುತ್ತಿದ್ದಿರಾ? ನಾನು ನಿಮ್ಮ ಜಗುಲಿಯ ಮೇಲೆ ಕೂತು ಅವಳು ಕುಟ್ಟಿದ ಖಾರ ತಿನ್ನುತ್ತಿರುವಾಗ ಅವಳು ಆ ಬಾಗಿಲಿನ ಹಿಂದೆ ನೀರು ನೀರು ಎನ್ನುತ್ತಿರಬೇಕಿತ್ತೇ?

ಒಂದನ್ನು ಕೇಳುತ್ತೇನೆ, ಸುತ್ತು ಬಳಸದೆ ಹೇಳಿ. ನೀವು ಬೀಗ ತೆಗೆದದ್ದು ಅವಳಿಗಾಗಿಯೋ, ನನಗಾಗಿಯೋ, ಆ ಡಾಕ್ಟರ ಕೈಗೆ ಸಿಕ್ಕಿಬಿದ್ದದ್ದಕ್ಕೋ?

ಅವಳು ಬದುಕಿದ್ದಾಳೆಯೇ? ಅಷ್ಟನ್ನು ಮಾತ್ರ ಬರೆದರೆ ಸಾಕು.

ಶಾಮಲ


ಪ್ಲೇಗ್ ಕ್ಯಾಂಪು, ಬೆಟ್ಟದ ಬಯಲು, ಕೋಲಾರ
೧೨-೧೨-೧೯೩೬

ಶಾಮಲಳಿಗೆ,

ಬದುಕಿದ್ದಾಳೆ. ಗೆಡ್ಡೆ ಒಡೆದಿದೆ. ಹಾಗೆ ಒಡೆದರೆ ಉಳಿಯುವ ಆಸೆ ಇದೆ ಎಂದು ಡಾಕ್ಟರು ಹೇಳುತ್ತಾರೆ. ರೋಗಿಗಳ ಷೆಡ್ಡು ನಮ್ಮ ಗುಡಿಸಲುಗಳಿಂದ ಎರಡು ಹೊಲದಾಚೆ. ನಾನು ಸೂಜಿ ಹಾಕಿಸಿಕೊಂಡು ದಿನವೂ ಹೋಗಿ ಅವಳ ಬಟ್ಟೆ ಒಗೆದು, ನೀರಿಟ್ಟು ಬರುತ್ತೇನೆ. ನನ್ನ ಜೊತೆ ಮಾತಾಡುವುದಿಲ್ಲ. ಗೋಡೆಯ ಕಡೆ ತಿರುಗಿಕೊಳ್ಳುತ್ತಾಳೆ.

ನೀನು ಕೇಳಿದ್ದಕ್ಕೆ ಉತ್ತರ: ಸಿಕ್ಕಿಬಿದ್ದದ್ದಕ್ಕೆ. ಬೇರೆ ರೀತಿ ಬರೆಯೋಣವೆಂದು ಎರಡು ಹಾಳೆ ಹರಿದು ಹಾಕಿದೆ. ಸಿಕ್ಕಿಬಿದ್ದದ್ದಕ್ಕೇ ತೆಗೆದೆ.

ಇಲ್ಲಿ ನನ್ನ ಗುಡಿಸಲು ಒಂದೇ ದೂರವಿದೆ. ಬೀದಿಯವರು ಹಾಗೆ ಹಾಕಿಸಿದ್ದಾರೆ. ನಾನು ನೀರು ಸೇದಲು ಹೋದರೆ ಹೆಂಗಸರು ಕೊಡ ಎತ್ತಿಕೊಂಡು ಹಿಂದೆ ಸರಿಯುತ್ತಾರೆ. ಸೋಮವಾರ ಬೆಳಿಗ್ಗೆ ಯಾರೋ ಸತ್ತ ಇಲಿಯೊಂದನ್ನು ಬಾಲಕ್ಕೆ ದಾರ ಕಟ್ಟಿ ನನ್ನ ತಡಿಕೆ ಬಾಗಿಲಿಗೆ ನೇತುಹಾಕಿ ಹೋಗಿದ್ದರು. ‘ದುಡ್ಡಿಗೆ ಊರು ತೋರ್ಸೋನು, ಊರನ್ನೇ ಸರ್ಕಾರಕ್ಕೆ ತೋರ್ಸಿಬಿಟ್ಟ’ ಎನ್ನುತ್ತಾರೆ.

ಗಂಗುಲಪ್ಪನ ಹೆಂಡತಿ ಮುತ್ಯಾಲಮ್ಮ ತೀರಿಕೊಂಡಳು. ಜ್ವರ ಮನೆಯಲ್ಲೇ ಶುರುವಾಗಿತ್ತು, ಸತ್ತಿದ್ದು ಷೆಡ್ಡಿನಲ್ಲಿ. ಮಣ್ಣು ಮಾಡಿ ಬಂದವನು ನೇರ ನನ್ನ ಗುಡಿಸಲಿನ ಮುಂದೆ ನಿಂತ. ‘ರೋಗ ಅಲ್ಲ ಮೇಷ್ಟ್ರೇ ಅವಳ್ನ ತಿಂದಿದ್ದು. ಈ ಚಳಿ. ನೀವು ತಂದ ಚಳಿ’ ಎಂದ.

ನಾನು ಹದಿನಾರು ವರ್ಷ ನಿನಗೆ ಹೇಳಿಕೊಂಡು ಬಂದ ಮಾತೇ ಅದು. ನಿನ್ನ ತಾಯಿಗೂ ಗೆಡ್ಡೆ ಇತ್ತು, ಶಾಮಲ. ಎಡಗಡೆಯ ಕಂಕುಳಲ್ಲಿ. ನಾನು ಅದನ್ನು ಕಂಡಿದ್ದೆ. ನಾಲ್ಕು ದಿನ ಮುಚ್ಚಿಟ್ಟು ಆಮೇಲೆ ಷೆಡ್ಡಿಗೆ ಕರೆದೊಯ್ದಿದ್ದೆ. ಚಳಿ ಎಂದು ಹೇಳಿ ಹೇಳಿ ನಾನೇ ನಂಬಿದ್ದೆ.

ಅಪ್ಪ


ರೋಗಿಗಳ ಷೆಡ್ಡು, ಕೋಲಾರ
೧೬-೧೨-೧೯೩೬

ಬಂಗಾರು ತಲ್ಲಿ ಶಾಮಲಂಗೆ,

ಇದನ್ನ ಬರೀತಿರೋದು ಕಾಂಪೌಂಡ್ರು ಮುನಿಕೃಷ್ಣಪ್ಪ. ಹೇಳಿದ್ದು ಹೇಳಿದಂಗೆ ಬರೀಪ್ಪಾ, ತಿದ್ದಬ್ಯಾಡ ಅಂದಿದೀನಿ. ಮೂಗಿಗೆ ಬಟ್ಟೆ ಕಟ್ಕೊಂಡು ಬರೀತಾ ಅವ್ನೆ.

ನಂಗೆ ಈಗ ಪರ್ವಾಗಿಲ್ಲ. ಎದ್ದು ಕೂತ್ಕೋತೀನಿ. ಎದೆ ಮಾತ್ರ ಡಬ ಡಬ ಅಂತದೆ.

ನೀನು ನಿಮ್ಮಪ್ಪನ ಮೇಲೆ ಕೋಪ ಮಾಡ್ಕೊಂಡಿದೀಯ ಅಂತ ನಂಗೆ ಯಾರೂ ಹೇಳ್ಲಿಲ್ಲ. ಮೇಷ್ಟ್ರ ಮಕ ನೋಡಿದ್ರೆ ಗೊತ್ತಾಗ್ತದೆ. ನಂಗೂ ಕೋಪ ಅದೆ, ಅದಕ್ಕೇ ಮಾತಾಡಿಲ್ಲ. ಆದ್ರೆ ಒಂದು ಸಂಗತಿ ನಿಂಗೆ ಗೊತ್ತಿರ್ಬೇಕು.

ಬೀಗ ಹಾಕಿ ಅಂದಾಗ ನಾನೇ ಹೂಂ ಅಂದೆ. ಬಯಲಿಗೆ ಹೋಗೋಕೆ ನಂಗೂ ಭಯ. ಶನಿವಾರ ಸಾಯಂಕಾಲ ಗಂಜಿ ತಂದಾಗ ಮೇಷ್ಟ್ರು, ‘ಶುಕ್ರವಾರ ಶಾಮಲ ಬರ್ತಾಳೆ, ಧೈರ್ಯವಾಗಿರು’ ಅಂದ್ರು. ನಂಗೆ ಎದೆ ಒಡೆದೋಯ್ತು. ‘ವದ್ದು ಮೇಷ್ಟ್ರೇ, ಬ್ಯಾಡ, ಬಸುರಿ ಹುಡುಗೀನ ಈ ಬೀದಿಗೆ ತರಬ್ಯಾಡಿ’ ಅಂತ ಕೈ ಮುಗಿದೆ. ‘ನೀನು ಸುಮ್ನೆ ಮಲಕ್ಕೋ’ ಅಂದ್ರು.

ಮಾರನೇ ದಿನ ಬಾಗಿಲಾಚೆ ಯಾರೋ ದೊಡ್ಡೋರ ದನಿ. ಮೇಷ್ಟ್ರು ಸ್ವಾಮಿ ಸ್ವಾಮಿ ಅಂತಿದ್ರು. ಮಾಲೂರಿಗೆ ಹೋಗಿದಾಳೆ ಅಂದಿದ್ದೂ ಕೇಳಿಸ್ತು. ತೆವಳ್ಕೊಂಡು ಬಂದು ಕೂಗಿದೆ. ನಂಗೆ ನೀರು ಬೇಕಿರ್ಲಿಲ್ಲ ತಲ್ಲೀ. ಹಾಸಿಗೆ ಪಕ್ಕದಲ್ಲೇ ತುಂಬಿದ ಕೊಡ ಇತ್ತು. ಒಳಗೆ ಒಬ್ಳು ಅವ್ಳೆ ಅಂತ ಆ ಸ್ವಾಮಿಗೆ ಗೊತ್ತಾಗ್ಬೇಕಿತ್ತು. ಗೊತ್ತಾದ್ರೆ ನೀನು ಬರಲ್ಲ.

ನಿಮ್ಮಪ್ಪ ಕೆಟ್ಟೋರಲ್ಲ. ಹೆದರಿದೋರು. ಹೆದರಿದೋರ ಕೈಲಿ ಬೀಗದ ಕೈ ಇರಬಾರ್ದು, ಅಷ್ಟೇ.

ಬಿಸಿ ನೀರು ಜಾಸ್ತಿ ಹಾಕಿಸ್ಕೋ. ಮಗೂಗೆ ಮೊದಲ ಹಾಲು ಹಿಂಡಿ ಚೆಲ್ಲು ಅಂತಾರೆ, ಚೆಲ್ಲಬ್ಯಾಡ.

ನಿನ್ನ ಕದಿರತ್ತೆ
(ಹೆಬ್ಬೆಟ್ಟಿನ ಗುರುತು)


ಪ್ಲೇಗ್ ಕ್ಯಾಂಪು, ಕೋಲಾರ
೧೯-೧೨-೧೯೩೬

ಶಾಮಲ,

ಕದಿರಮ್ಮ ಇವತ್ತು ಬೆಳಿಗ್ಗೆ ಹೋದಳು. ಎದ್ದು ಕೂತು ತಲೆ ಬಾಚಿಕೊಳ್ಳುತ್ತಿದ್ದಳಂತೆ, ಹಾಗೇ ಒರಗಿದಳು. ಎದೆ ಸೋತಿತು ಎಂದರು ಡಾಕ್ಟರು. ಹೊರಲು ಬೀದಿಯವರು ಯಾರೂ ಬರಲಿಲ್ಲ. ಡಾಕ್ಟರು, ಕಾಂಪೌಂಡರು, ಇಬ್ಬರು ತೋಟಿಗಳು ಮತ್ತು ನಾನು. ಕೊನೆಯವರೆಗೂ ನನ್ನ ಜೊತೆ ಮಾತಾಡಲಿಲ್ಲ.

ಅಪ್ಪ


ಶ್ರೀನಿವಾಸಪುರ
೩೧-೧-೧೯೩೭

ಪೂಜ್ಯ ಮಾವನವರಿಗೆ ನಮಸ್ಕಾರ.

ಗುರುವಾರ ಹೆಣ್ಣು ಮಗು ಹುಟ್ಟಿದೆ. ತಾಯಿ ಮಗು ಇಬ್ಬರೂ ಆರೋಗ್ಯ. ಈ ಕಾರ್ಡು ಹಾಕುತ್ತಿರುವುದು ಅವಳಿಗೆ ಗೊತ್ತಿಲ್ಲ.

ಇಂತಿ,
ಚಿಕ್ಕವೆಂಕಟಪ್ಪ


ಶ್ರೀನಿವಾಸಪುರ
೨೦-೫-೧೯೩೭

ಅಪ್ಪನಿಗೆ,

ಐದು ತಿಂಗಳಲ್ಲಿ ನೀವು ಬರೆದ ಒಂಬತ್ತು ಕಾಗದಗಳೂ ಬಂದಿವೆ. ಓದಿದ್ದೇನೆ. ಉತ್ತರ ಬರೆಯಲು ಕೂತರೆ ಕೈ ಏಳುತ್ತಿರಲಿಲ್ಲ. ಈಗ ತೋಪುಗಳಲ್ಲಿ ಕಾಯಿ ಇಳಿಸುವ ಕಾಲ. ಮನೆಯ ತುಂಬ ಹುಲ್ಲು, ಗಾಡಿ, ಜನ. ಈ ಗಲಾಟೆಯ ಮಧ್ಯೆ ಬರೆಯುವುದು ಸುಲಭ.

ಕದಿರತ್ತೆ ಸಾಯುವ ಮೂರು ದಿನ ಮುಂಚೆ ನನಗೊಂದು ಕಾಗದ ಬರೆಸಿದ್ದಳು. ನನ್ನ ಕೈಗೆ ಬಂದದ್ದು ಅವಳು ಹೋದ ಸುದ್ದಿಯ ಮಾರನೇ ದಿನ. ಇದರ ಜೊತೆ ಕಳಿಸುತ್ತಿದ್ದೇನೆ. ಓದಿ ವಾಪಸು ಕೊಡಿ. ಅವಳು ಏಕೆ ಕೂಗಿದಳು ಎಂಬುದು ಅದರಲ್ಲಿದೆ.

ನೀವು ಪ್ರತಿ ಕಾಗದದಲ್ಲೂ ಕ್ಷಮಿಸು ಎಂದು ಬರೆಯುತ್ತೀರಿ. ಅದು ನನಗೆ ಬೇಡ. ಜೂನ್ ಆರನೇ ತಾರೀಕು ಭಾನುವಾರ ಮಗುವನ್ನೆತ್ತಿಕೊಂಡು ಬರುತ್ತೇನೆ. ಬೀದಿಯವರು ಮನೆಗಳಿಗೆ ವಾಪಸಾಗಿದ್ದಾರೆ ಎಂದು ಕೇಳಿದೆ. ಹೊರಗಿನವರನ್ನು ನಡೆಸಿಕೊಂಡು ಹೋಗುತ್ತಿದ್ದಿರಲ್ಲ, ಹಾಗೆ ನನ್ನನ್ನು ಕೋಟೆಯಲ್ಲಿ ನಡೆಸಿ. ಒಂದೊಂದು ಬಾಗಿಲಲ್ಲೂ ನಿಂತು ಆ ಮನೆಯಲ್ಲಿ ಏನಾಯಿತು, ಯಾರು ಹೋದರು, ನೀವು ಏನು ಹೇಳಿದಿರಿ, ಏನು ಹೇಳಲಿಲ್ಲ ಎಂದು ಹೇಳಬೇಕು. ಗಟ್ಟಿಯಾಗಿ ಹೇಳಬೇಕು. ಒಂದು ಬಾಗಿಲು ಬಿಟ್ಟರೂ ನಾನು ಅಲ್ಲಿಂದಲೇ ಸ್ಟೇಷನ್ನಿಗೆ ಹೋಗುತ್ತೇನೆ.

ಶಾಮಲ


ಕೋಟೆ, ಕೋಲಾರ
೮-೬-೧೯೩೭

ಡಾಕ್ಟರ್ ನರಸಿಂಹಪ್ಪನವರಿಗೆ ವೆಂಕಟರಾಯಪ್ಪನ ವಂದನೆಗಳು.

ತಮ್ಮ ಕಾರ್ಡು ತಲುಪಿತು. ಈ ಸಲ ಡಾಕ್ಟರಾಗಿ ಅಲ್ಲ, ಬರೀ ನೋಡುವವನಾಗಿ ಬರುತ್ತೇನೆ, ಕೋಟೆ ತೋರಿಸುತ್ತೀರಾ ಎಂದು ಕೇಳಿದ್ದೀರಿ. ಹೂಂ ಎನ್ನುವ ಮೊದಲು ಮೊನ್ನೆ ಭಾನುವಾರ ನಡೆದದ್ದನ್ನು ತಮಗೆ ತಿಳಿಸಬೇಕು.

ನನ್ನ ಮಗಳು ಬಂದಿದ್ದಳು. ನಾಲ್ಕು ತಿಂಗಳ ಕೂಸು ಹೆಗಲ ಮೇಲೆ. ಮನೆಯೊಳಗೆ ಕಾಲಿಡಲಿಲ್ಲ. ‘ನಡೀರಿ’ ಎಂದಳು. ಗುಡಿಯ ಕಡೆಯಿಂದ ಶುರುಮಾಡಿದೆ. ಚಳಿಗಾಲದಿಂದ ನನ್ನನ್ನು ಕಂಡರೆ ಬಾಗಿಲು ಮುಚ್ಚಿಕೊಳ್ಳುವ ಬೀದಿ ಅದು. ಮೊದಲ ಮನೆಯ ಮುಂದೆ ನಿಂತಾಗ ನನಗೆ ದನಿಯೇ ಬರಲಿಲ್ಲ. ಅವಳು ಕಾದಳು. ಹೇಳಿದೆ. ಎರಡನೆಯ ಮನೆ, ಮೂರನೆಯದು. ಈ ಮನೆಯಲ್ಲಿ ಇಲಿ ಬಿದ್ದಾಗ ನಾನೇ ಮುಂದೆ ನಿಂತು ಸುಡಿಸಿದೆ. ಇಲ್ಲಿ ಜ್ವರ ಬಂದವರನ್ನು ಅಟ್ಟದ ಮೇಲೆ ಮಲಗಿಸಲು ಹೇಳಿದವನು ನಾನು. ಜನ ಒಬ್ಬೊಬ್ಬರಾಗಿ ಹೊರಗೆ ಬಂದರು. ಯಾರೋ ಕ್ಯಾಕರಿಸಿ ಉಗಿದರು. ಶಾಮಲ ಮಗುವಿನ ಮುಖಕ್ಕೆ ಸೆರಗು ಹಾಕಿಕೊಂಡಳು. ಅಲ್ಲಿಂದ ಕದಲಲಿಲ್ಲ.

ಗಂಗುಲಪ್ಪನ ಮಂಡಿಯ ಮುಂದೆ ಅವನೇ ನಿಂತಿದ್ದ. ಎದೆಯ ಮೇಲೆ ಕೈ ಕಟ್ಟಿಕೊಂಡು. ಓಡಿಹೋಗಬೇಕು ಅನ್ನಿಸಿತು. ಆದರೂ ಹೇಳಿದೆ: ‘ಈ ಮನೆಯಲ್ಲಿ ಮುತ್ಯಾಲಮ್ಮ ಎನ್ನುವವರಿದ್ದರು. ಡಿಸೆಂಬರ್ ಎಂಟು, ಮಂಗಳವಾರ ಷೆಡ್ಡಿನಲ್ಲಿ ತೀರಿಕೊಂಡರು. ಜ್ವರ ಬಂದ ದಿನವೇ ಡಾಕ್ಟರಿಗೆ ತಿಳಿಸಿದ್ದರೆ—’

‘ಬುಧವಾರ’ ಎಂದ ಗಂಗುಲಪ್ಪ.

ನಾನು ಅವನ ಕಡೆ ತಿರುಗಿದೆ.

‘ಮಂಗಳವಾರ ಅಲ್ಲ ಮೇಷ್ಟ್ರೇ. ಒಂಬತ್ತು, ಬುಧವಾರ. ಬೆಳಗಿನ ಜಾವ. ಹೇಳೋದಾದ್ರೆ ಸರಿಯಾಗಿ ಹೇಳಿ.’

‘ಒಂಬತ್ತು, ಬುಧವಾರ’ ಎಂದೆ.

ಮುಂದಿನ ಮನೆಗೆ ನಡೆದಾಗ ಅವನೂ ಹಿಂದೆ ಬಂದ. ಏಕೆ ಬಂದನೋ ತಿಳಿಯದು. ಅವನ ಹಿಂದೆ ಮತ್ತೆ ಇಬ್ಬರು ಮೂವರು. ನಾನು ಹೆಸರು ತಪ್ಪಿದರೆ ತಿದ್ದುತ್ತಿದ್ದರು, ಅಷ್ಟೇ. ಮುಚ್ಚಿಟ್ಟ ಬೀದಿಯೇ ಬಾಯಿಬಿಟ್ಟು ಹೇಳತೊಡಗಿತ್ತು.

ಕದಿರಮ್ಮನ ಬಾಗಿಲಿಗೆ ಬಂದೆವು. ತಮ್ಮ ಮುಂದೆ ನಾನು ಆಡಿದ ಮಾತನ್ನೇ ಮತ್ತೆ ಆಡಿದೆ: ‘ಮನೆಯವರು ಮಾಲೂರಿಗೆ ಹೋಗಿದ್ದಾರೆ ಎಂದೆ. ಅವಳು ಒಳಗಿದ್ದಳು. ಕೂಗಿದಳು. ನಾನು ಹಂಸ ಎಣಿಸುತ್ತಿದ್ದೆ.’ ಅಷ್ಟು ಹೇಳಿ ಜಗುಲಿಯ ಮೇಲೆ ಕೂತೆ. ಗಂಗುಲಪ್ಪ ನನ್ನ ಕಡೆ ನೋಡದೆ ಶಾಮಲಳಿಗೆ ಹೇಳಿದ: ‘ಬೀಗ ತಂದ್ಕೊಟ್ಟೋನು ನಾನಮ್ಮ. ಅದನ್ನ ಅವ್ರು ಹೇಳ್ಲಿಲ್ಲ. ನಾನು ಹೇಳ್ತಾ ಇದೀನಿ.’

ಆದ್ದರಿಂದ ತಾವು ಬರುವುದಾದರೆ ಬನ್ನಿ. ಗುಡಿ, ಶಾಸನ ಎಲ್ಲ ತೋರಿಸುತ್ತೇನೆ. ಆದರೆ ಬೀದಿಯನ್ನು ತೋರಿಸಲು ಈಗ ನನಗೆ ಗೊತ್ತಿರುವುದು ಈ ಒಂದೇ ರೀತಿ. ಬೇರೆ ರೀತಿ ತೋರಿಸಲು ಬೀದಿಯವರೂ ಬಿಡುವುದಿಲ್ಲ.

ಮಗಳು ನೀರು ಕುಡಿದದ್ದು ಗಂಗುಲಪ್ಪನ ಮನೆಯಲ್ಲಿ. ನನ್ನ ಮನೆಗೆ ಬಾ ಎಂದು ನಾನು ಕರೆಯಲಿಲ್ಲ, ಅವಳೂ ಕೇಳಲಿಲ್ಲ. ಸ್ಟೇಷನ್ನಿಗೆ ಜೊತೆಯಲ್ಲಿ ನಡೆದು ಹೋದೆವು. ಪ್ಲಾಟ್‌ಫಾರಂ ಬೆಂಚಿನಲ್ಲಿ ಕೂತ ಮೇಲೆ ಅವಳು ಮಗುವನ್ನು ಹೆಗಲಿನಿಂದ ಇಳಿಸಿ, ‘ಕೈ ನೋಯ್ತಾ ಇದೆ. ರೈಲು ಬರೋ ತನಕ ಹಿಡ್ಕೊಳ್ಳಿ’ ಎಂದು ನನ್ನ ತೊಡೆಯ ಮೇಲಿಟ್ಟು ಆ ಕಡೆ ತಿರುಗಿ ಕೂತಳು.

ಸಣ್ಣ ರೈಲು ಆ ದಿನ ಮುಕ್ಕಾಲು ಗಂಟೆ ತಡವಾಗಿ ಬಂತು.

ತಮ್ಮ ವಿಧೇಯ,
ವೆಂಕಟರಾಯಪ್ಪ